ಮೇಳದ ಮುಂದೆ ನಿಂತವರು

ಸೆಪ್ಟೆಂಬರ್ 17 ಗಡಿಯ ಎರಡೂ ಮಗ್ಗುಲಿಗೆ ಧ್ವಜ ಏರುವ ದಿನ. ಉಮರ್ಗಾ, ನಿಲಂಗಾ, ಉದಗೀರಗಳಲ್ಲಿ ಅದು ಮರಾಠವಾಡಾ ಮುಕ್ತಿಸಂಗ್ರಾಮ ದಿನ; ಆಚೆಯ ಬೀದರ, ಕಲಬುರಗಿಗಳಲ್ಲಿ ಅದೇ ದಿನ ಕಲ್ಯಾಣ ಕರ್ನಾಟಕ ಉತ್ಸವ. 1948ರಲ್ಲಿ ಒಂದೇ ಸಂಸ್ಥಾನದಿಂದ ಬಿಡುಗಡೆ ಪಡೆದ ನೆಲ 1956ರ ನವೆಂಬರ್ 1ರಂದು ಎರಡು ರಾಜ್ಯಗಳಿಗೆ ಹಂಚಿಹೋಯಿತು. ಅಲ್ಲಿಯವರೆಗೆ ಉದಗೀರ, ನಿಲಂಗಾ ಬೀದರ ಜಿಲ್ಲೆಯ ತಾಲೂಕುಗಳೇ ಆಗಿದ್ದವು. ಆ ದಿನದ ಬೆಳಗಿನ ಪ್ರಭಾತಫೇರಿಗೆ ನಮ್ಮ ಶಾಲೆಗಳಲ್ಲಿ ಸಿದ್ಧತೆ ನಡೆಯುವಾಗ ಮಕ್ಕಳ ಕೈಗೆ ಡ್ರಮ್ಮು, ಹಲಗಿ, ಲೇಜೀಮು ಬರುತ್ತವೆ. ಲೇಜೀಮಿನ ಸಾಲುಗಳಲ್ಲಿ ಹೆಣ್ಣುಮಕ್ಕಳೇ ಹೆಚ್ಚು. ತಾಳವೂ ಅವರದೇ ನಿಖರ. ಆದರೆ ಸೀಟಿ ಯಾರ ಬಾಯಲ್ಲಿರಬೇಕು, ಮುಂದೆ ಕೋಲು ಹಿಡಿದು ಯಾರು ನಡೆಯಬೇಕು ಎಂಬ ಪ್ರಶ್ನೆ ಬಂದೊಡನೆ ಎಲ್ಲರ ಕಣ್ಣು ತಾನಾಗಿಯೇ ಹುಡುಗರ ಕಡೆಗೆ ಹೊರಳುತ್ತದೆ. ಎಂಟನೆಯ ತರಗತಿಯ ಹುಡುಗಿ ಬಜಾರದ ನಡುವೆ ಸೀಟಿ ಊದುತ್ತ ಮುಂದೆ ನಡೆಯುವುದು ಚೆಂದವೇ ಎಂದು ಕೇಳುವ ಪಾಲಕರು ಇದ್ದಾರೆ. ಅವರ ಪ್ರಶ್ನೆಯನ್ನು ಹಳೆಯ ಕಾಲದವರ ಅಳುಕೆಂದು ತಳ್ಳಿಹಾಕುವುದು ಸುಲಭ. ಆ ಅಳುಕಿಗೊಂದು ಚರಿತ್ರೆಯಿದೆ. ಅದನ್ನು ಸ್ವಲ್ಪ ಬಿಡಿಸಿ ನೋಡುವುದು ಈ ವಾರದ ಉದ್ದೇಶ.

ಮೊದಲು ಶಬ್ದದಿಂದಲೇ ಆರಂಭಿಸೋಣ. ಕನ್ನಡದಲ್ಲಿ ‘ನಾಯಕ’ ಎಂದರೆ ಮುಂದಾಳು. ‘ನಾಯಕಿ’ ಎಂದೊಡನೆ ನಮಗೆ ನೆನಪಾಗುವುದು ಕಾವ್ಯದ ಅಥವಾ ಸಿನೆಮಾದ ಕಥಾನಾಯಕಿ. ‘ಯಜಮಾನ’ ಎಂದರೆ ಮನೆಯ, ಕಂಪನಿಯ ಒಡೆಯ; ‘ಯಜಮಾನಿ’ ಎಂದರೆ ಬಹುಮಟ್ಟಿಗೆ ಒಡೆಯನ ಹೆಂಡತಿ. ನಾಟಕ ಕಂಪನಿಯ ದಿನಗಳಲ್ಲಿ ‘ಯಜಮಾನರು ಬಂದರು’ ಎಂದರೆ ಯಾರೂ ಹೆಣ್ಣನ್ನು ನಿರೀಕ್ಷಿಸುತ್ತಿರಲಿಲ್ಲ. ಮರಾಠಿಯ ‘ಮಾಲಕೀಣ’ ಎಂಬ ಮಾತು ಈ ವಿಷಯದಲ್ಲಿ ನಮ್ಮದಕ್ಕಿಂತ ನೇರ. ತಮಾಶಾದ ಫಡದ ಮಾಲಕೀಣ ಎಂದರೆ ಆಕೆಯೇ ಒಡತಿ, ಯಾರ ಹೆಂಡತಿಯೂ ಆಗಬೇಕಿಲ್ಲ. ಎರಡು ಭಾಷೆಗಳ ನಡುವೆ ಬದುಕುವ ನಮಗೆ ಇಂಥ ಲಾಭಗಳು ಆಗಾಗ ದಕ್ಕುತ್ತವೆ.

ಇನ್ನು ಮೇಳದ ಮುಂದಾಳು ಮಾಡುವ ಕೆಲಸವಾದರೂ ಏನು? ಕೋಲು ಬೀಸುವುದು ಹೊರಗೆ ಕಾಣುವ ಕೆಲಸ. ಒಳಗಿನ ಕೆಲಸ ಎರಡು: ಶ್ರುತಿ ಎಲ್ಲಿ ನಿಲ್ಲಬೇಕು, ಲಯ ಎಷ್ಟು ವೇಗದಲ್ಲಿ ಸಾಗಬೇಕು ಎಂಬುದನ್ನು ನಿರ್ಧರಿಸುವುದು. ಹಾರ್ಮೋನಿಯಂ ಬಲ್ಲವರಿಗೆ ಇದು ಥಟ್ಟನೆ ಅರ್ಥವಾಗುತ್ತದೆ. ಗಂಡಸರು ಸಾಮಾನ್ಯವಾಗಿ ಕಪ್ಪು ಒಂದರ ಆಸುಪಾಸಿನಲ್ಲಿ ಷಡ್ಜ ಹಿಡಿಯುತ್ತಾರೆ. ಹೆಂಗಸರಿಗೆ ಒಗ್ಗುವುದು ಕಪ್ಪು ನಾಲ್ಕು ಅಥವಾ ಕಪ್ಪು ಐದು. ಗುರುಗಳು ತಮ್ಮ ಕಂಠಕ್ಕೆ ಹೊಂದುವಂತೆ ಕಪ್ಪು ಒಂದರಲ್ಲಿ ಪ್ರಾರ್ಥನೆ ಎತ್ತಿಕೊಂಡರೆ, ಹೆಣ್ಣುಮಕ್ಕಳು ಮೇಲಿನ ಸಪ್ತಕಕ್ಕೆ ಹೋಗಿ ಕಿರುಚಬೇಕು, ಇಲ್ಲವೆ ಕೆಳಗೆ ಇಳಿದು ಗುಣುಗುಟ್ಟಬೇಕು. ಆಮೇಲೆ ‘ಈ ಹುಡುಗಿಯರಿಗೆ ಧ್ವನಿಯೇ ಇಲ್ಲ’ ಎಂಬ ದೂರು ಬರುತ್ತದೆ. ಧ್ವನಿ ಇದೆ, ಪೆಟ್ಟಿಗೆಯ ಮನೆ ಬೇರೆ, ಅಷ್ಟೆ. ಶ್ರುತಿಯನ್ನು ಯಾರು ನಿರ್ಧರಿಸುತ್ತಾರೋ ಅವರ ಕಂಠ ಸಲೀಸಾಗಿ ಹಾಡುತ್ತದೆ, ಉಳಿದವರದು ಹೊಂದಿಕೊಳ್ಳುತ್ತದೆ. ಮುಂದೆ ಹೇಳುವ ಹೆಂಗಸರ ಕಥೆಗಳನ್ನು ಓದುವಾಗ ಈ ಸಣ್ಣ ಸಂಗತಿ ನೆನಪಿನಲ್ಲಿರಲಿ.

1935ರಿಂದ ಸುಮಾರು ಹತ್ತು ವರ್ಷಗಳ ಕಾಲ ಅಮೆರಿಕೆಯಲ್ಲಿ ಸ್ವಿಂಗ್ ಎಂಬ ಸಂಗೀತದ ಅಬ್ಬರವಿತ್ತು. ಜಾಜ್ ಸಂಗೀತದ್ದೇ ಒಂದು ಕವಲು ಅದು, ಕುಣಿಯಲೆಂದೇ ಹುಟ್ಟಿದ್ದು. ಹದಿನೈದರ ಸುಮಾರಿಗೆ ಜನ ವಾದ್ಯಗಾರರು, ತುತ್ತೂರಿ, ಟ್ರೊಂಬೋನ್, ಸ್ಯಾಕ್ಸೋಫೋನ್, ಪಿಯಾನೋ, ಡ್ರಮ್ಮು, ಮತ್ತು ಎಲ್ಲರ ಮುಂದೆ ಒಬ್ಬ ನಾಯಕ. ಬ್ಯಾಂಡು ಅವನ ಹೆಸರಿನಿಂದಲೇ ಕರೆಯಿಸಿಕೊಳ್ಳುತ್ತಿತ್ತು. ಈ ಸ್ಥಾನದಲ್ಲಿ ಹೆಂಗಸರೂ ನಿಂತರು. ಬ್ಲಾಂಚ್ ಕ್ಯಾಲೊವೆ ಎಂಬ ಕಪ್ಪು ಮಹಿಳೆ 1931ರಲ್ಲೇ ‘ಜಾಯ್ ಬಾಯ್ಸ್’ ಎಂಬ, ಗಂಡಸರೇ ತುಂಬಿದ್ದ ತಂಡವನ್ನು ನಡೆಸಿದರು. ಅವರ ತಮ್ಮ ಕ್ಯಾಬ್ ಕ್ಯಾಲೊವೆ ಆ ಕಾಲದ ಮಹಾ ಪ್ರಸಿದ್ಧ. ಅಕ್ಕನ ಹೆಸರು ಅವನ ನೆರಳಿನಲ್ಲಿ ಉಳಿಯಿತು. 1936ರಲ್ಲಿ ಮಿಸಿಸಿಪಿ ಪ್ರಾಂತದ ಊರೊಂದರಲ್ಲಿ, ಬಿಳಿಯರಿಗೆ ಮೀಸಲಾದ ಶೌಚಾಲಯ ಬಳಸಿದರೆಂದು ಅವರನ್ನು ಸೆರೆಯಲ್ಲಿ ಕೂಡಿಸಿದರು. ಅವರು ಸೆರೆಯಲ್ಲಿದ್ದಾಗ ತಂಡದವನೊಬ್ಬ ಹಣ ಎತ್ತಿಕೊಂಡು ಓಡಿಹೋದ. ಮೇಳ ನಡೆಸುವುದೆಂದರೆ ಸಂಗೀತ ಮಾತ್ರವಲ್ಲ. ಬಾಡಿಗೆ, ಪಗಾರ, ಪೊಲೀಸು, ಊಟ ಎಲ್ಲವೂ ಮುಂದೆ ನಿಂತವರ ತಲೆಯ ಮೇಲೆ.

1934ರಲ್ಲಿ ಐನಾ ರೇ ಹಟನ್ ಹೆಂಗಸರದೇ ‘ಮೆಲೊಡಿಯರ್ಸ್’ ಬ್ಯಾಂಡಿನ ಮುಂದೆ ನಿಂತರು. ಪೋಸ್ಟರುಗಳು ಅವರ ಕೂದಲಿನ ಬಣ್ಣವನ್ನೂ ಉಡುಪನ್ನೂ ಹೊಗಳಿದಷ್ಟು ಹಿಂದೆ ಕೂತ ವಾದ್ಯಗಾರ್ತಿಯರ ವಿದ್ಯೆಯನ್ನು ಹೊಗಳಲಿಲ್ಲ. ಹೆಣ್ಣಿನ ಬ್ಯಾಂಡು ನೋಡಲಿಕ್ಕಿರುವುದು, ಕೇಳಲಿಕ್ಕಲ್ಲ ಎಂಬ ಭಾವನೆ ಆ ವ್ಯಾಪಾರದ ತಳಹದಿಯಾಗಿತ್ತು.

ನಮ್ಮ ಓದುಗರಿಗೆ ಹೆಚ್ಚು ಹತ್ತಿರವಾಗುವ ಕಥೆ ಇನ್ನೊಂದಿದೆ, ಏಕೆಂದರೆ ಅದು ಒಂದು ಶಾಲೆಯ ಕಥೆ. ಮಿಸಿಸಿಪಿಯಲ್ಲಿ ಲಾರೆನ್ಸ್ ಜೋನ್ಸ್ ಎಂಬವರು 1909ರಲ್ಲಿ ಬಡ ಕಪ್ಪು ಮಕ್ಕಳಿಗಾಗಿ ‘ಪೈನಿ ವುಡ್ಸ್’ ಎಂಬ ಶಾಲೆ ತೆರೆದರು. ಸರಕಾರದ ಆಸರೆಯಿಲ್ಲದ, ದಾನದಿಂದಲೇ ನಡೆಯುವ ಶಾಲೆ. ಮಕ್ಕಳ ಗಾಯನ ತಂಡಗಳನ್ನು ಊರೂರಿಗೆ ಕಳುಹಿಸಿ ಹಣ ಕೂಡಿಸುವ ಪದ್ಧತಿ ಅಲ್ಲಿ ಮೊದಲಿನಿಂದಲೂ ಇತ್ತು. ಹಟನ್ ಅವರ ಬ್ಯಾಂಡಿನಿಂದ ಪ್ರೇರಣೆ ಪಡೆದ ಜೋನ್ಸ್ 1930ರ ದಶಕದ ಕೊನೆಯ ಭಾಗದಲ್ಲಿ ಶಾಲೆಯ ಹುಡುಗಿಯರದೇ ಸ್ವಿಂಗ್ ಬ್ಯಾಂಡು ಕಟ್ಟಿಸಿದರು. ಕಪ್ಪು ಹುಡುಗಿಯರ ಜೊತೆಗೆ ಚೀನೀ, ಮೆಕ್ಸಿಕನ್ ಮೂಲದವರೂ ಇದ್ದುದರಿಂದ ಅದಕ್ಕೆ ‘ಇಂಟರ್‌ನ್ಯಾಷನಲ್ ಸ್ವೀಟ್‌ಹಾರ್ಟ್ಸ್ ಆಫ್ ರಿದಮ್’ ಎಂಬ ಹೆಸರಾಯಿತು. ಹದಿಹರೆಯದ ಹುಡುಗಿಯರು ತುತ್ತೂರಿ ಊದಿ ತಮ್ಮ ಶಾಲೆಗೆ ಅನ್ನ ತಂದರು.

ಇಷ್ಟು ಕೇಳಿದಾಗ ಯಾವ ಕನ್ನಡ ಶಾಲೆಯ ಹಿತೈಷಿಗೂ ಹೃದಯ ಅರಳುತ್ತದೆ. ಆದರೆ ಮುಂದಿನ ಭಾಗವನ್ನೂ ಓದಬೇಕು. ಪ್ರವಾಸ ಹೆಚ್ಚಿದಂತೆ ಪಾಠ ತಪ್ಪಿತು. ತಿರುಗಾಟದ ಕಾರಣದಿಂದಲೇ ಕೆಲವರಿಗೆ ಶಾಲೆಯ ಪ್ರಮಾಣಪತ್ರ ಸಿಗಲಾರದೆಂಬ ಸುದ್ದಿ ಹುಡುಗಿಯರ ಕಿವಿಗೆ ಬಿತ್ತು. 1941ರಲ್ಲಿ ಬ್ಯಾಂಡು ಶಾಲೆಯ ನಂಟನ್ನು ಕಡಿದುಕೊಂಡು ಹೊರನಡೆಯಿತು. ಶಾಲೆಗಾಗಿ ದುಡಿದವರು ಶಾಲೆಯಿಂದಲೇ ಬರಿಗೈಯಲ್ಲಿ ಹೋಗಬೇಕಾಗಿ ಬಂದದ್ದನ್ನು ನಾನು ಸಣ್ಣ ಸಂಗತಿ ಎಂದು ಎಣಿಸಲಾರೆ. ವಾರ್ಷಿಕೋತ್ಸವದ ವರ್ಗಣಿಗಾಗಿ ಮಕ್ಕಳನ್ನು ತಿಂಗಳುಗಟ್ಟಲೆ ತಾಲೀಮಿಗೆ ನಿಲ್ಲಿಸುವ ಹಿರಿಯರು ಇದನ್ನು ಎರಡು ಬಾರಿ ಓದಲಿ.

ಹೊರಗೆ ಬಂದ ತಂಡಕ್ಕೆ ಅನ್ನಾ ಮೇ ವಿನ್‌ಬರ್ನ್ ನಾಯಕಿಯಾದರು. ಆಕೆ ಅದಕ್ಕೂ ಮೊದಲು ಓಮಾಹಾ ನಗರದಲ್ಲಿ ಗಂಡಸರ ಬ್ಯಾಂಡೊಂದನ್ನು ನಡೆಸಿದವರು. ತುತ್ತೂರಿಯ ಟೈನಿ ಡೇವಿಸ್, ಸ್ಯಾಕ್ಸೋಫೋನಿನ ವೈ ಬರ್ನ್‌ಸೈಡ್ ಮೊದಲಾದ ಪಳಗಿದವರು ಸೇರಿಕೊಂಡರು. ದಕ್ಷಿಣದ ಊರುಗಳಲ್ಲಿ ಕಪ್ಪು ಜನರಿಗೆ ವಸತಿಗೃಹಗಳು ಬಾಗಿಲು ತೆರೆಯುತ್ತಿರಲಿಲ್ಲವಾದ್ದರಿಂದ ಅವರು ಬಸ್ಸಿನಲ್ಲೇ ಮಲಗುವ ಹಾಸಿಗೆಗಳನ್ನು ಮಾಡಿಕೊಂಡಿದ್ದರು. ಊಟ, ನಿದ್ರೆ, ತಾಲೀಮು ಎಲ್ಲವೂ ಆ ಗಾಡಿಯಲ್ಲಿ. ರೋಸಲಿಂಡ್ ಕ್ರಾನ್ ಎಂಬ ಬಿಳಿಯ ಯಹೂದಿ ಹುಡುಗಿ ಈ ತಂಡಕ್ಕೆ ಸೇರಿದಾಗ, ಬಿಳಿಯರೂ ಕಪ್ಪಿನವರೂ ಒಂದೇ ವೇದಿಕೆಯಲ್ಲಿ ಕೂರಬಾರದೆಂಬ ಕಾನೂನಿನ ಕಣ್ಣು ತಪ್ಪಿಸಲು ಮುಖಕ್ಕೆ ಗಾಢ ಬಣ್ಣ ಹಚ್ಚಿಕೊಳ್ಳಬೇಕಾಯಿತು. ಆದರೂ ಒಮ್ಮೆ ಪೊಲೀಸರ ಕೈಗೆ ಸಿಕ್ಕಿದ್ದುಂಟು. 1945ರಲ್ಲಿ ಅವರು ಯುರೋಪಿಗೆ ಹೋಗಿ ಸೈನಿಕರೆದುರು ನುಡಿಸಿದರು. ಆ ದಶಕ ಮುಗಿಯುವುದರೊಳಗೆ ತಂಡ ಚೆದುರಿತು. ಯುದ್ಧಕ್ಕೆ ಹೋಗಿದ್ದ ಗಂಡಸರು ಮರಳಿದ ಮೇಲೆ ಹೆಣ್ಣುಮಕ್ಕಳ ಬ್ಯಾಂಡುಗಳಿಗೆ ಕೆಲಸ ಕಡಿಮೆಯಾಯಿತೆಂಬುದು ಒಂದು ಕಾರಣ. ಕುಣಿತದ ದೊಡ್ಡ ಬ್ಯಾಂಡುಗಳ ಕಾಲವೇ ಮುಗಿಯುತ್ತ ಬಂದಿತ್ತೆಂಬುದು ಇನ್ನೊಂದು. ಶಾಲೆ ಸ್ಥಾಪಿಸಿದ ಜೋನ್ಸ್ ಅವರ ಸಾಕುಮಗಳು ಹೆಲೆನ್ ಇದೇ ತಂಡದಲ್ಲಿ ಟ್ರೊಂಬೋನ್ ನುಡಿಸುತ್ತಿದ್ದರು. ಮುಂದೆ ಆಕೆ ವಾದ್ಯ ಕೆಳಗಿಟ್ಟು ದಾದಿಯ ವೃತ್ತಿ ಹಿಡಿದರು.

ಇದೇ ವರ್ಷಗಳಲ್ಲಿ ಇಂಗ್ಲೆಂಡಿನಲ್ಲಿ ಐವಿ ಬೆನ್ಸನ್ ಅವರ ಹೆಣ್ಣುಮಕ್ಕಳ ಬ್ಯಾಂಡನ್ನು 1943ರಲ್ಲಿ ಬಿಬಿಸಿ ತನ್ನ ನಿಲಯದ ತಂಡವನ್ನಾಗಿ ಮಾಡಿಕೊಂಡಾಗ ಗಂಡು ನಾಯಕರು ಪ್ರತಿಭಟಿಸಿದ್ದರೆಂಬುದನ್ನು ಹೇಳಿ ಮುಂದಕ್ಕೆ ಹೋಗುತ್ತೇನೆ.

ಆಗ ನಮ್ಮಲ್ಲಿ ಏನು ನಡೆದಿತ್ತು? ಮುಂಬಯಿಯಲ್ಲಿ ಪಾರ್ಸಿ ಮನೆತನದ ಖುರ್ಷೀದ್ ಹೋಂಜಿ, ಮಾಣೇಕ್ ಹೋಂಜಿ ಎಂಬ ಅಕ್ಕತಂಗಿಯರು ತಮ್ಮದೇ ವಾದ್ಯವೃಂದ ಕಟ್ಟಿಕೊಂಡು ರೇಡಿಯೋದಲ್ಲಿ ಕಾರ್ಯಕ್ರಮ ಕೊಡುತ್ತಿದ್ದರು. ಖುರ್ಷೀದ್ ಅವರು ಪಂಡಿತ ಭಾತಖಂಡೆಯವರ ಶಿಷ್ಯೆ. ಬಾಂಬೆ ಟಾಕೀಸಿನ ಹಿಮಾಂಶು ರಾಯ್ ಅವರನ್ನು ಸಂಗೀತ ನಿರ್ದೇಶಕಿಯಾಗಿ ಕರೆದುಕೊಂಡರು. ಪಾರ್ಸಿ ಸಮಾಜದ ಕೆಲವರು ತಮ್ಮ ಮನೆಯ ಹೆಣ್ಣುಮಕ್ಕಳು ಸಿನೆಮಾದಲ್ಲಿರುವುದನ್ನು ವಿರೋಧಿಸಿ ಗದ್ದಲ ಎಬ್ಬಿಸಿದರು. ಆಕೆ ಸರಸ್ವತೀದೇವಿ ಎಂಬ ಹೆಸರು ಧರಿಸಿ ಕೆಲಸ ಮುಂದುವರಿಸಿದರು. 1936ರ ‘ಅಛೂತ್ ಕನ್ಯಾ’ದ ಹಾಡುಗಳಿಗೆ ಸ್ವರ ಹಾಕಿದವರು ಅವರೇ. ಅಶೋಕಕುಮಾರರಾಗಲಿ ದೇವಿಕಾರಾಣಿಯಾಗಲಿ ಕಲಿತ ಗಾಯಕರಲ್ಲ. ಅಂಥವರ ಕಂಠಕ್ಕೆ ಎಟುಕುವ ಸ್ವರಗಳನ್ನು ಆರಿಸಿ, ವಾದ್ಯದವರನ್ನು ಅವರ ಹಿಂದೆ ನಡೆಸಿ ಹಾಡು ಗೆಲ್ಲಿಸುವುದು ನಾಯಕಿಯ ಕೆಲಸವಾಗಿತ್ತು. ಜದ್ದನ್‌ಬಾಯಿಯವರೂ 1935ರಲ್ಲೇ ಚಿತ್ರವೊಂದಕ್ಕೆ ಸಂಗೀತ ಕೊಟ್ಟು ತಮ್ಮದೇ ಚಿತ್ರಸಂಸ್ಥೆಯನ್ನೂ ನಡೆಸಿದರು.

ನಮ್ಮ ವಿಜಾಪುರ ಸೀಮೆಯ ಬೀಳಗಿಯಿಂದ ಮುಂಬಯಿಗೆ ಹೋದ ಅಮೀರಬಾಯಿ ಕರ್ನಾಟಕಿಯವರನ್ನು ಹಿರಿಯರು ‘ಕಿಸ್ಮತ್’ ಚಿತ್ರದ ಗಾಯಕಿಯಾಗಿ ನೆನೆಯುತ್ತಾರೆ. 1948ರ ‘ಶಹನಾಜ್’ ಚಿತ್ರಕ್ಕೆ ಅವರು ಸಂಗೀತ ನಿರ್ದೇಶನ ಮಾಡಿದ್ದರು ಎಂಬುದು ಅಷ್ಟಾಗಿ ತಿಳಿದಿಲ್ಲ. ಅವರ ಬಗೆಗೆ ರಹಮತ್ ತರೀಕೆರೆಯವರು ಒಂದು ಒಳ್ಳೆಯ ಜೀವನಚರಿತ್ರೆ ಬರೆದಿದ್ದಾರೆ. ನಮ್ಮ ಶಾಲೆಗಳ ಗ್ರಂಥಾಲಯದಲ್ಲಿ ಇರತಕ್ಕ ಪುಸ್ತಕ. ‘ಕರ್ನಾಟಕಿ’ ಎಂಬ ಅಡ್ಡಹೆಸರೇ ಮಹಾರಾಷ್ಟ್ರದ ನೆಲದಲ್ಲಿ ಅವರ ಗುರುತಾಯಿತು. ಹೊರನಾಡಿನಲ್ಲಿರುವ ನಮಗೆ ಅದರ ರುಚಿ ಗೊತ್ತು.

ಧಾರವಾಡದಲ್ಲಿ 1913ರಲ್ಲಿ ಹುಟ್ಟಿದ ಗಂಗೂಬಾಯಿ ಹಾನಗಲ್ಲರ ಮೊದಮೊದಲ ಧ್ವನಿಮುದ್ರಿಕೆಗಳ ಮೇಲೆ ‘ಗಾಂಧಾರಿ ಹುಬ್ಬಳ್ಳಿ’ ಎಂಬ ಹೆಸರು ಅಚ್ಚಾಗಿತ್ತು. ಕಂಪನಿಗೆ ‘ಗಂಗೂಬಾಯಿ’ ಸಾಲದಾಯಿತು. 1940ರ ದಶಕದಲ್ಲಿ ಗಂಟಲಿನ ಶಸ್ತ್ರಚಿಕಿತ್ಸೆಯಾದ ಮೇಲೆ ಅವರ ಧ್ವನಿ ಇಳಿದು ಗಂಡಸಿನ ಕಂಠದ ಗಾಂಭೀರ್ಯ ಪಡೆಯಿತು. ಇನ್ನೊಬ್ಬರಾಗಿದ್ದರೆ ಹಾಡುಗಾರಿಕೆ ನಿಲ್ಲುತ್ತಿತ್ತು. ಅವರು ಶ್ರುತಿಯನ್ನು ಕೆಳಗಿಳಿಸಿಕೊಂಡರು. ತಂಬೂರಿ, ತಬಲಾ, ಹಾರ್ಮೋನಿಯಂ ಎಲ್ಲವೂ ಆ ಹೊಸ ಷಡ್ಜಕ್ಕೆ ಬಂದು ಕೂತವು. ಹಿಂದೂಸ್ತಾನಿ ಬೈಠಕ್ಕಿನಲ್ಲಿ ಗಾಯಕಿಯೇ ನಾಯಕಿ. ಆಕೆ ಕೈ ಎತ್ತಿದರೆ ತಬಲೆ ನಿಲ್ಲಬೇಕು, ತಿರುಗಿ ನೋಡಿದರೆ ಹಾರ್ಮೋನಿಯಂ ಎಚ್ಚರಗೊಳ್ಳಬೇಕು. ಆದರೂ ಗಂಡಸು ಹಾಡಿದರೆ ಪಂಡಿತ ಅಥವಾ ಉಸ್ತಾದ, ಹೆಂಗಸು ಎಷ್ಟೇ ದೊಡ್ಡವಳಾದರೂ ಬರೀ ಬಾಯಿ ಎಂದು ಗಂಗೂಬಾಯಿಯವರೇ ನಗುತ್ತ ಚುಚ್ಚುತ್ತಿದ್ದರು. ಅದು ತಮಾಷೆಯ ಮಾತಲ್ಲ.

ಬೈಠಕ್ಕಿನಲ್ಲಿ ನಾಲ್ಕೈದು ಜನ. ಹದಿನೈದು, ಇಪ್ಪತ್ತು ಜನರನ್ನು ಕಟ್ಟಿಕೊಂಡು, ಕ್ಯಾಂಪಿನಿಂದ ಕ್ಯಾಂಪಿಗೆ ತಿರುಗಿದ ಹೆಂಗಸರನ್ನು ಕಾಣಬೇಕಾದರೆ ನಾಟಕದ ಕಡೆಗೆ ಬರಬೇಕು. ಸ್ವಿಂಗ್ ಬ್ಯಾಂಡಿಗೆ ನಮ್ಮ ನಿಜವಾದ ಜೋಡಿ ಕಂಪನಿ ನಾಟಕವೇ. ರಂಗದ ಮುಂದೆ ತಗ್ಗಿನಲ್ಲಿ ಕಾಲುಪೆಟ್ಟಿಗೆಯ ಮಾಸ್ತರು, ಪಕ್ಕದಲ್ಲಿ ತಬಲೆ. ಮೇಲೆ ಹಾಡುವ ನಟರು. ರಾತ್ರಿಯೆಲ್ಲ ಹಾಡು, ‘ಒನ್ಸ್ ಮೋರ್’ ಬಂದಷ್ಟು ಸಲ ಮತ್ತೆ ಹಾಡು. ಲಕ್ಷ್ಮೇಶ್ವರದ ಬಚ್ಚಾಸಾನಿಯವರು ಹೆಣ್ಣುಮಕ್ಕಳ ನಾಟಕ ಮಂಡಳಿ ನಡೆಸಿದ ಹೆಸರು ಉತ್ತರ ಕರ್ನಾಟಕದ ರಂಗಚರಿತ್ರೆಯಲ್ಲಿ ಬರುತ್ತದೆ. ಮಿರಜಿನಲ್ಲಿ ಹುಟ್ಟಿದ, ಕಿರಾಣಾ ಘರಾಣೆಯ ಅಬ್ದುಲ್ ಕರೀಂಖಾನರ ಮಗಳು ಹೀರಾಬಾಯಿ ಬಡೋದೇಕರ್ ಮರಾಠಿ ಸಂಗೀತ ನಾಟಕಗಳಿಗಾಗಿ ತಮ್ಮದೇ ಸಂಸ್ಥೆ ಕಟ್ಟಿ, ಒಡಹುಟ್ಟಿದವರನ್ನು ಸೇರಿಸಿಕೊಂಡು ಕೆಲವು ವರ್ಷ ನಡೆಸಿ, ಸಾಲ ಹೊತ್ತು, ಮತ್ತೆ ಬೈಠಕ್ಕಿಗೆ ಮರಳಿದರು. ಅದೇ ಹೊತ್ತಿಗೆ ಟಾಕಿಗಳು ಬಂದವು. ಕನ್ನಡದ ಮೊದಲ ಟಾಕಿ, 1934ರ ‘ಸತಿ ಸುಲೋಚನಾ’, ತಯಾರಾದದ್ದು ಮಹಾರಾಷ್ಟ್ರದ ಕೊಲ್ಹಾಪುರದಲ್ಲಿ. ತಂಬುಗಳು ಒಂದೊಂದಾಗಿ ಮಡಚಿಕೊಳ್ಳತೊಡಗಿದವು.

ಆ ಮಡಚುವಿಕೆಯ ಕಾಲದಲ್ಲಿಯೇ ಒಬ್ಬ ಹೆಂಗಸು ಹೊಸ ತಂಬು ಬಿಚ್ಚಿದರು. ಆರ್. ನಾಗರತ್ನಮ್ಮನವರು ಮೈಸೂರಿನಲ್ಲಿ 1926ರಲ್ಲಿ ಹುಟ್ಟಿದವರು. ಎಳವೆಯಲ್ಲೇ ರಂಗಕ್ಕೆ ಬಂದು ಹಿರಣ್ಣಯ್ಯ ಮಿತ್ರ ಮಂಡಳಿ, ಗುಬ್ಬಿ ಕಂಪನಿ ಮೊದಲಾದ ಕಡೆ ಪಳಗಿದವರು. ಗುಬ್ಬಿ ವೀರಣ್ಣನವರ ಕಂಪನಿಯೆಂದರೆ ಆ ಕಾಲಕ್ಕೆ ಒಂದು ವಿಶ್ವವಿದ್ಯಾಲಯ. ಅಲ್ಲಿಂದ ಹೊರಬಿದ್ದವರು ಬೇರೆ ಪರೀಕ್ಷೆ ಕಟ್ಟಬೇಕಿರಲಿಲ್ಲ. 1958ರಲ್ಲಿ ನಾಗರತ್ನಮ್ಮ ‘ಸ್ತ್ರೀ ನಾಟಕ ಮಂಡಳಿ’ ಸ್ಥಾಪಿಸಿದರು. ಹೆಸರೇ ಹೇಳುವಂತೆ ಅಲ್ಲಿ ಎಲ್ಲ ಪಾತ್ರಗಳೂ ಹೆಂಗಸರವು. ರಾಜ, ರಾಕ್ಷಸ, ಮಂತ್ರಿ, ವಿದೂಷಕ ಎಲ್ಲರೂ. ಶತಮಾನಗಟ್ಟಲೆ ಗಂಡಸರೇ ಸೀತೆ, ದ್ರೌಪದಿ, ಸತ್ಯಭಾಮೆಯರ ಸೀರೆ ಉಟ್ಟ ರಂಗದ ಮೇಲೆ ಈಗ ಹೆಂಗಸರು ಗದೆ ಹಿಡಿದರು. ನಾಗರತ್ನಮ್ಮನವರು ಕಂಸನಾದರು, ರಾವಣನಾದರು, ದುರ್ಯೋಧನನಾದರು, ‘ಕೃಷ್ಣಗಾರುಡಿ’ಯ ಭೀಮನಾದರು.

ಗಂಡುಪಾತ್ರ ಹೆಣ್ಣಿನ ಕಂಠಕ್ಕೆ ಬಂದಾಗ ಏನಾಗುತ್ತದೆ ಎಂಬುದನ್ನು ಸಂಗೀತದ ದೃಷ್ಟಿಯಿಂದಲೂ ಯೋಚಿಸಬೇಕು. ಕಂಪನಿಯ ಪದ್ಯಗಳು ಗಂಡು ಶ್ರುತಿಗೆ ರೂಢಿಯಾದವು. ಕಂಸನ ಆರ್ಭಟ ಮಂದ್ರದಲ್ಲಿ ಗುಡುಗಬೇಕು. ಅದನ್ನು ಕಪ್ಪು ನಾಲ್ಕಕ್ಕೆ ಏರಿಸಿದರೆ ಗುಡುಗು ಕಿರುಚಾಟವಾಗಬಹುದು. ಗಂಡು ಶ್ರುತಿಯಲ್ಲೇ ಬಿಟ್ಟರೆ ಗಾಯನ ಉಸಿರುಗಟ್ಟೀತು. ಎರಡಕ್ಕೂ ಸಿಗದಂತೆ ಎದೆಯ ಧ್ವನಿಯನ್ನು ವರ್ಷಗಟ್ಟಲೆ ಸಾಧಿಸಿದವರಿಗೆ ಮಾತ್ರ ಅದು ಒಗ್ಗುವ ಮಾತು. ಅದರ ಮೇಲೆ ನಡಿಗೆ, ಮೀಸೆ ತಿರುವುವ ಕೈ, ನಗು. ಇದೆಲ್ಲವನ್ನು ತಾವು ಸಾಧಿಸುವುದು ನಟಿಯ ಕೆಲಸ. ಉಳಿದ ಹೆಣ್ಣುಮಕ್ಕಳಿಗೂ ಸಾಧಿಸಿಕೊಡುವುದು ಯಜಮಾನಿಯ ಕೆಲಸ. ಹಣದ ಪೆಟ್ಟಿಗೆ ಕಾಯುವುದು, ಲೈಸೆನ್ಸು ತರುವುದು, ಹೆಣ್ಣುಮಕ್ಕಳ ಮನೆಯವರಿಗೆ ಧೈರ್ಯ ಹೇಳುವುದು ಬೇರೆ. ‘ಯಜಮಾನಿ’ ಎಂಬ ಪದಕ್ಕೆ ಒಡೆಯನ ಹೆಂಡತಿ ಎಂಬುದನ್ನು ಮೀರಿದ ಅರ್ಥ ಬಂದದ್ದು ಇಂಥವರಿಂದ. 1992ರಲ್ಲಿ ಸಂಗೀತ ನಾಟಕ ಅಕಾಡೆಮಿಯ ಪ್ರಶಸ್ತಿ ಬಂದಿತು. 2012ರಲ್ಲಿ ಪದ್ಮಶ್ರೀ ಬಂದಿತು. ಅದೇ ವರ್ಷದ ಅಕ್ಟೋಬರಿನಲ್ಲಿ ಅವರು ತೀರಿಕೊಂಡರು. ಸ್ವಿಂಗ್ ಕಾಲದ ಹೆಂಗಸರ ಬ್ಯಾಂಡುಗಳ ಬಗೆಗೆ ಅಮೆರಿಕೆಯಲ್ಲಿ ಪುಸ್ತಕಗಳೂ ಚಿತ್ರಗಳೂ ಬಂದಿವೆ. ಸ್ತ್ರೀ ನಾಟಕ ಮಂಡಳಿಯ ಬಗೆಗೆ ನಮ್ಮ ಮಕ್ಕಳಿಗೆ ಪಠ್ಯಪುಸ್ತಕದಲ್ಲಿ ಒಂದು ಪಾಠವಿದ್ದರೂ ಸಾಕಿತ್ತು.

ಇನ್ನು ನಾವು ನಿಂತ ನೆಲಕ್ಕೆ ಬರೋಣ. ಮರಾಠವಾಡಾದ ಜಾತ್ರೆಗಳಲ್ಲಿ ಬೆಳೆದವರಿಗೆ ತಮಾಶಾದ ಹೆಸರು ಹೊಸದಲ್ಲ. ವಿಠಾಬಾಯಿ ನಾರಾಯಣಗಾಂವಕರ್ ಪಂಢರಪುರದಲ್ಲಿ 1935ರಲ್ಲಿ ಹುಟ್ಟಿದರು. ತಂದೆ ಭಾವೂ ಮತ್ತು ಚಿಕ್ಕಪ್ಪ ಬಾಪೂ ಅವರ ಫಡದಲ್ಲಿ ಕುಣಿಯುತ್ತ ಬೆಳೆದು, ತಾವೇ ಫಡದ ಒಡತಿಯಾದರು. ತುಂಬು ಗರ್ಭಿಣಿಯಾಗಿ ಕುಣಿಯುತ್ತಿದ್ದ ರಾತ್ರಿ ಪರದೆಯ ಹಿಂದೆ ಹೆತ್ತು, ಕಲ್ಲಿನಿಂದ ಹೊಕ್ಕುಳಬಳ್ಳಿ ಕಡಿದುಕೊಂಡು, ಮತ್ತೆ ರಂಗಕ್ಕೆ ಬಂದರೆಂಬ ಪ್ರಸಂಗವನ್ನು ಮಹಾರಾಷ್ಟ್ರವೆಲ್ಲ ಹೇಳುತ್ತದೆ. ಇದನ್ನು ಶೌರ್ಯದ ಕಥೆಯೆಂದು ಹೇಳುವವರೇ ಹೆಚ್ಚು. ನನಗೆ ಅದು ಮೊದಲು ಕಾಣುವುದು ಒಂದು ರಾತ್ರಿಯ ಆಟ ನಿಂತರೆ ಇಡೀ ಫಡಕ್ಕೆ ಊಟ ತಪ್ಪುವ ಬದುಕಿನ ಕಥೆಯಾಗಿ. 1957ರಲ್ಲೂ 1990ರಲ್ಲೂ ಅವರಿಗೆ ರಾಷ್ಟ್ರಪತಿಗಳಿಂದ ಗೌರವ ಸಂದಿತು. 2002ರಲ್ಲಿ ತೀರಿಕೊಂಡಾಗ ಕೈಯಲ್ಲಿ ಹಣವಿರಲಿಲ್ಲ. ಈಗ ಮಹಾರಾಷ್ಟ್ರ ಸರಕಾರ ಅವರ ಹೆಸರಿನಲ್ಲೇ ತಮಾಶಾ ಕಲಾವಿದರಿಗೆ ಜೀವನ ಗೌರವ ಪುರಸ್ಕಾರ ಕೊಡುತ್ತದೆ.

ಪಾಲಕರ ಅಳುಕು ಹುಟ್ಟುವುದು ಇಲ್ಲಿಯೇ. ಜನರೆದುರು ಹಾಡಿ ಕುಣಿದ ಹೆಂಗಸರು ಯಾವ ಜಾತಿಗಳಿಂದ ಬಂದರು, ಅವರನ್ನು ಊರು ಹೇಗೆ ನಡೆಸಿಕೊಂಡಿತು ಎಂಬುದು ನಮ್ಮ ಅಜ್ಜಿಯರಿಗೆ ಗೊತ್ತಿತ್ತು. ಹಗಲು ದೂರವಿಟ್ಟವರನ್ನು ರಾತ್ರಿ ನೋಡಲು ಹೋಗುತ್ತಿದ್ದ ಸಮಾಜ ಅದು. ಹೀಗಾಗಿ ‘ನಮ್ಮ ಹುಡುಗಿ ಬಜಾರದಲ್ಲಿ ಮುಂದೆ ನಿಲ್ಲುವುದು ಬೇಡ’ ಎನ್ನುವ ತಾಯಿಯ ಮಾತಿನಲ್ಲಿ ಮಗಳ ಬಗೆಗಿನ ಅವಿಶ್ವಾಸಕ್ಕಿಂತ ನೋಡುವವರ ಕಣ್ಣಿನ ಬಗೆಗಿನ ಅನುಭವ ಹೆಚ್ಚಾಗಿದೆ. ಆಕೆ ಹೇಳುವುದು ಸುಳ್ಳಲ್ಲ. ಆದರೆ ಹುಡುಗಿಯನ್ನು ಹಿಂದಿನ ಸಾಲಿಗೆ ಸರಿಸುವುದರಿಂದ ನೋಡುವವರ ಕಣ್ಣು ಬದಲಾದ ಉದಾಹರಣೆಯೂ ಇಲ್ಲ.

ಅದೂ ಅಲ್ಲದೆ ಹೆಣ್ಣು ಮುಂದೆ ನಿಂತು ಹಾಡುವುದು ನಮ್ಮ ಸೀಮೆಗೆ ಹೊಸದೇ? ತುಳಜಾಪುರದ ಅಂಬಾಭವಾನಿಯ ಆರಾಧಿ ಮೇಳಗಳನ್ನು ನವರಾತ್ರಿಯಲ್ಲಿ ಕೇಳದವರು ಯಾರು? ಸಂಬಳ, ತುಂತುಣಿಗಳ ನಡುವೆ ಆರಾಧಿಣಿ ಸಾಲು ಎತ್ತುತ್ತಾಳೆ. ಉಳಿದವರು ಹಿಮ್ಮೇಳದಲ್ಲಿ ಹಿಡಿಯುತ್ತಾರೆ. ಲಯ ಏರಿಸುವುದು, ಇಳಿಸುವುದು, ನಿಲ್ಲಿಸುವುದು ಆಕೆಯ ಕತ್ತಿನ ಒಂದು ತೂಗಿನಲ್ಲಿ. ನಮ್ಮ ಮನೆಗಳ ಸೋಬಾನೆ, ಬೀಸುಕಲ್ಲಿನ ಪದ, ಅಕ್ಕನ ಬಳಗದ ವಚನಗಾಯನ, ಎಲ್ಲೆಡೆಯೂ ಮೊದಲ ಸಾಲು ಎತ್ತುವವಳೊಬ್ಬಳು ಇದ್ದೇ ಇರುತ್ತಾಳೆ. ಅಲ್ಲಿ ಯಾರೂ ಆಕ್ಷೇಪಿಸಿದ್ದಿಲ್ಲ. ಬಾಗಿಲ ಹೊರಗೆ, ಬಜಾರಿನಲ್ಲಿ, ಸಂಭಾವನೆ ಬರುವ ಕಡೆ ಮಾತ್ರ ಆಕ್ಷೇಪ. ಮದುವೆಯ ಬ್ಯಾಂಡು, ಬೆಂಜೋ ಪಾರ್ಟಿಗಳಲ್ಲಿ ಹೆಂಗಸರಿಲ್ಲದಿರುವುದಕ್ಕೆ ಸಂಗೀತದ ಕಾರಣ ಒಂದೂ ಇಲ್ಲ. ಬಿಹಾರದಲ್ಲಿ ಪಾಟ್ನಾದ ಬಳಿಯ ಢಿಬ್ರಾ ಎಂಬ ಹಳ್ಳಿಯ ದಲಿತ ಹೆಂಗಸರು, ಹೊಲದ ಕೂಲಿ ಮಾಡುತ್ತಿದ್ದವರು, 2016ರಲ್ಲಿ ಡ್ರಮ್ಮು ಕೊರಳಿಗೆ ಹಾಕಿಕೊಂಡು ತಮ್ಮದೇ ಬ್ಯಾಂಡು ಕಟ್ಟಿ ಮದುವೆಗಳಿಗೆ ಹೋಗತೊಡಗಿದರು. ಊರವರು ಮೊದಲು ನಕ್ಕರು. ಆಮೇಲೆ ಆಮಂತ್ರಣಗಳು ಬಂದವು.

ಹಾಗಾದರೆ ಶಾಲೆಯ ಮಟ್ಟಿಗೆ ಏನು ಮಾಡಬಹುದು? ಸಣ್ಣ ಕೆಲಸಗಳೇ ಸಾಕು. ಪ್ರಾರ್ಥನೆಯ ಶ್ರುತಿಯನ್ನು ವಾರಕ್ಕೆರಡು ದಿನವಾದರೂ ಹೆಣ್ಣುಮಕ್ಕಳ ಕಂಠಕ್ಕೆ ಹೊಂದಿಸಿ ನೋಡಲಿ. ಎಂಟನೆಯ ತರಗತಿಯಲ್ಲಿ ಧ್ವನಿ ಒಡೆಯುತ್ತಿರುವ ಹುಡುಗರು ಆ ದಿನ ಸ್ವಲ್ಪ ಮೆಲ್ಲಗೆ ಹಾಡಿದರೆ ಅವರ ಗಂಟಲಿಗೂ ಒಳ್ಳೆಯದು. ಸೀಟಿ ಮತ್ತು ಕೋಲು ತಾಳ ಬಲ್ಲವರಿಗೆ ಹೋಗಲಿ, ಎತ್ತರ ನೋಡಿ ಬೇಡ. ಸೈಡ್ ಡ್ರಮ್ಮಿನ ಪಟ್ಟಿ ಹುಡುಗರ ಅಳತೆಗೆ ಕಟ್ಟಿರುತ್ತದೆ. ಅದಕ್ಕೆ ಇನ್ನೆರಡು ರಂಧ್ರ ಹೊಡೆಸಲು ಚಮ್ಮಾರ ಅಣ್ಣನ ಹತ್ತಿರ ಹೋದರೆ ಹತ್ತು ನಿಮಿಷದ ಕೆಲಸ. ಹಬ್ಬದ ತಾಲೀಮು ಪಾಠದ ಗಂಟೆಗಳನ್ನು ನುಂಗದಿರಲಿ. ಪೈನಿ ವುಡ್ಸಿನ ಹುಡುಗಿಯರಿಗೆ ಆದದ್ದು ಇಲ್ಲಿ ಆಗುವುದು ಬೇಡ.

ಇನ್ನೊಂದು ವಿಷಯ ಪಾಲಕರ ಲಕ್ಷ್ಯಕ್ಕೆ. ಮಹಾರಾಷ್ಟ್ರದ ದಹಾವಿ ಪರೀಕ್ಷೆಯಲ್ಲಿ ಶಾಸ್ತ್ರೀಯ ಸಂಗೀತ, ನೃತ್ಯ, ಲೋಕಕಲೆ, ಚಿತ್ರಕಲೆಗಳ ಸಾಧನೆಗೆ ಹೆಚ್ಚುವರಿ ಅಂಕ ಕೊಡುವ ವ್ಯವಸ್ಥೆಯಿದೆ. ಕನ್ನಡ ಮಾಧ್ಯಮದ ಮಕ್ಕಳೂ ಇದೇ ಮಂಡಳಿಯ ಪರೀಕ್ಷೆ ಬರೆಯುವುದರಿಂದ ಅವರಿಗೂ ಅದು ಅನ್ವಯ. ಗಾಂಧರ್ವ ಮಹಾವಿದ್ಯಾಲಯ ಮಂಡಳದ ಪ್ರಾರಂಭಿಕ, ಪ್ರವೇಶಿಕಾ ಪರೀಕ್ಷೆಗಳಿಗೆ ಒಂಬತ್ತನೆಯ ತರಗತಿಯಲ್ಲಿ ಅವಸರದಿಂದ ಕೂಡಿಸಿದರೆ ಪ್ರಯೋಜನವಿಲ್ಲ. ಐದನೆಯ ಅಥವಾ ಆರನೆಯ ತರಗತಿಯಲ್ಲೇ ಆರಂಭಿಸಬೇಕು. ಯಾವ ಪರೀಕ್ಷೆಗೆ ಎಷ್ಟು ಅಂಕ, ಯಾವ ಪ್ರಮಾಣಪತ್ರ ಯಾವ ದಿನದೊಳಗೆ ಶಾಲೆಗೆ ತಲುಪಬೇಕು ಎಂಬುದನ್ನು ಮುಖ್ಯಾಧ್ಯಾಪಕರಲ್ಲಿ ಈ ಸತ್ರದ ಆರಂಭದಲ್ಲೇ ಕೇಳಿಟ್ಟುಕೊಳ್ಳಿರಿ. ತಬಲೆ ಕಲಿಯಲು ಬಂದ ಹುಡುಗಿಯನ್ನು ಹಾಡುವ ತರಗತಿಗೆ ಕಳುಹಿಸುವ ಪದ್ಧತಿ ಕೆಲವೆಡೆ ಇನ್ನೂ ಇದೆ. ನಿಮ್ಮ ಮಗಳು ತಬಲೆಯನ್ನೇ ಕೇಳಿದರೆ, ಅರ್ಜಿಯಲ್ಲಿ ತಬಲಾ ಎಂದೇ ಬರೆಯಿರಿ.